ಅಜ್ಜಿಯ ಅಪಾಯಿಂಟ್‌ಮೆಂಟ್



ನಿಮ್ಮಲ್ಲಿ ಎಷ್ಟು ಮಂದಿಯ ಮನೆಯಲ್ಲಿ ಅಜ್ಜನೋ ಅಜ್ಜಿಯೋ ಇದ್ದಾರೆ? ಅವರ ಮಾತ್ರೆಯ ಡಬ್ಬ ಎಲ್ಲಿದೆ ಎಂದು ನಿಮಗೆ ಗೊತ್ತೆ? ಅವರು ಮುಂದಿನ ಸಲ ಯಾವ ಡಾಕ್ಟರನ್ನು ಯಾವ ದಿನ ಕಾಣಬೇಕಾಗಿದೆ, ಅದು ಗೊತ್ತೆ? ಈ ಮೂರು ಪ್ರಶ್ನೆಗಳನ್ನು ನಾನು ಒಮ್ಮೆ ನನ್ನ ತರಗತಿಯಲ್ಲಿ ಕೇಳಿದ್ದೆ. ಮೊದಲನೆಯದಕ್ಕೆ ಬಹಳಷ್ಟು ಕೈಗಳು ಮೇಲೆದ್ದವು. ಎರಡನೆಯದಕ್ಕೆ ಅರ್ಧಕ್ಕರ್ಧ ಇಳಿದವು. ಮೂರನೆಯದಕ್ಕೆ ಹಿಂದಿನ ಬೆಂಚಿನ ಒಬ್ಬ ಹುಡುಗ ಮಾತ್ರ ಕೈ ಎತ್ತಿದ. ಅವನು ವಾರಕ್ಕೊಮ್ಮೆ ತರಗತಿ ತಪ್ಪಿಸುತ್ತಿದ್ದ ಹುಡುಗ. ಏಕೆ ತಪ್ಪಿಸುತ್ತಿದ್ದ ಎಂಬುದು ಆ ದಿನ ನನಗೆ ಅರ್ಥವಾಯಿತು.

ನಾನು ಕಾರ್ಕಳದ ಒಂದು ಕಾಲೇಜಿನಲ್ಲಿ ಪಾಠ ಹೇಳುವವಳು, ವೈದ್ಯಳಲ್ಲ. ಈ ವಿಷಯವನ್ನು ಕುರಿತು ಮಾತನಾಡಲು ನನಗಿರುವ ಅರ್ಹತೆ ಒಂದೇ, ನನ್ನ ಅಮ್ಮ. ಅಮ್ಮ ಕಾಪುವಿನ ಹಳೆಯ ಮನೆಯಲ್ಲಿದ್ದಾರೆ. ವಯಸ್ಸು 76. ಸಕ್ಕರೆ ಕಾಯಿಲೆ ಬಂದು 22 ವರ್ಷವಾಯಿತು. ರಕ್ತದೊತ್ತಡ ಅದರ ಬೆನ್ನಿಗೇ ಬಂತು. ಈಗ ಐದಾರು ವರ್ಷಗಳಿಂದ ಮೂತ್ರಪಿಂಡಗಳು ದುರ್ಬಲವಾಗಿವೆ, ಕಣ್ಣಿನ ಒಳಪರದೆಗೆ ಸಕ್ಕರೆಯ ತೊಂದರೆ ತಗಲಿದೆ, ಎರಡು ಮೊಣಕಾಲುಗಳೂ ಸವೆದಿವೆ. ಇವೆಲ್ಲ ಇದ್ದೂ ಬೆಳಿಗ್ಗೆ ಎದ್ದು ತುಳಸಿಗೆ ನೀರೆರೆದು, ಅಂಗಳದ ಮಲ್ಲಿಗೆ ಕೊಯ್ದು, ಪತ್ರಿಕೆ ಓದುವ ಹೆಂಗಸು. ಮನೆಯಲ್ಲಿ ಇರುವಾಗ ಅವರನ್ನು ಯಾರೂ ರೋಗಿ ಎನ್ನಲಾರರು. ಆಸ್ಪತ್ರೆಗೆ ಹೊರಟ ದಿನ ಮಾತ್ರ ಅವರು ರೋಗಿಯಾಗುತ್ತಾರೆ.

ಡಾಕ್ಟರುಗಳಿಗೆ ಬರವಿರುವ ಜಿಲ್ಲೆ ನಮ್ಮದಲ್ಲ ಎಂಬುದನ್ನು ಮೊದಲೇ ಹೇಳಿಬಿಡುತ್ತೇನೆ. 1997ರಲ್ಲಿ ದಕ್ಷಿಣ ಕನ್ನಡದಿಂದ ಬೇರೆಯಾದ ಉಡುಪಿ ಜಿಲ್ಲೆಯ ಜನಸಂಖ್ಯೆ 2011ರ ಗಣತಿಯಂತೆ ಸುಮಾರು 11.77 ಲಕ್ಷ. ಇಷ್ಟು ಸಣ್ಣ ಜಿಲ್ಲೆಯ ಮಣಿಪಾಲದಲ್ಲಿ 1953ರಲ್ಲೇ ಕಸ್ತೂರ್ಬಾ ವೈದ್ಯಕೀಯ ಕಾಲೇಜು ಆರಂಭವಾಯಿತು. ಅದರ ಆಸ್ಪತ್ರೆಯಲ್ಲಿ ಇಂದು 2000ಕ್ಕೂ ಹೆಚ್ಚು ಹಾಸಿಗೆಗಳಿವೆ. ಉಡುಪಿಯ ಅಜ್ಜರಕಾಡಿನಲ್ಲಿ ಜಿಲ್ಲಾಸ್ಪತ್ರೆ ಇದೆ, ಕಾರ್ಕಳದಲ್ಲಿ ತಾಲೂಕು ಆಸ್ಪತ್ರೆ ಇದೆ, ಖಾಸಗಿ ಆಸ್ಪತ್ರೆಗಳೂ ಇವೆ. ಘಟ್ಟದ ಮೇಲಿನವರು ರಾತ್ರಿಯೇ ಹೊರಟು ಆಗುಂಬೆ ಇಳಿದು ಬೆಳಗಾಗುವಾಗ ಮಣಿಪಾಲ ಸೇರುತ್ತಾರೆ. ಅಂಥವರ ಮುಂದೆ ಕಾಪುವಿನ ನಾವು ನಮ್ಮ ಕಷ್ಟ ಹೇಳಿಕೊಳ್ಳುವುದಕ್ಕೂ ಸಂಕೋಚವಾಗಬೇಕು.

ಆದರೂ ಕಷ್ಟ ಇದೆ. ಅದು ದೂರದ ಕಷ್ಟವಲ್ಲ, ಬೇರೆ ಒಂದು ಬಗೆಯದು. ಅಮ್ಮ ಹೋಗುವ ಆಸ್ಪತ್ರೆಗಳು ಮೂರು. ಅವುಗಳ ಹೆಸರು ಈ ಮಾತಿಗೆ ಬೇಡ, ಏಕೆಂದರೆ ನಾನು ಹೇಳಹೊರಟಿರುವುದು ಎಲ್ಲ ಊರಿನ ಎಲ್ಲ ದೊಡ್ಡ ಆಸ್ಪತ್ರೆಗಳಿಗೂ ಸಲ್ಲುವ ಮಾತು. ಸಕ್ಕರೆ ಕಾಯಿಲೆಯ ಡಾಕ್ಟರು ಸಿಗುವುದು ಮಂಗಳವಾರ ಮತ್ತು ಶುಕ್ರವಾರ. ಮೂತ್ರಪಿಂಡದ ತಜ್ಞರು ಬುಧವಾರ ಮಾತ್ರ. ಮೂಳೆಯ ಡಾಕ್ಟರು ಸಂಜೆ ಹೊತ್ತು. ಕಣ್ಣಿನವರು ಯಾವ ದಿನವಾದರೂ ಸರಿ, ಆದರೆ ಅವರು ಪಾಪೆ ಅಗಲವಾಗಲು ಹನಿ ಹಾಕಿದರೆ ಮುಂದಿನ ಕೆಲವು ಗಂಟೆ ಅಮ್ಮನಿಗೆ ಎಲ್ಲವೂ ಮಸುಕು, ಒಬ್ಬರು ಕೈ ಹಿಡಿದೇ ಬಸ್ಸು ಹತ್ತಿಸಬೇಕು. ಹೀಗೆ ಕಾಯಿಲೆ ನಾಲ್ಕು, ಡಾಕ್ಟರು ನಾಲ್ವರು, ದಿನ ನಾಲ್ಕು. ಅಮ್ಮ ಮಾತ್ರ ಒಬ್ಬರೇ.

ಒಂದು ದಿನದ ಪ್ರಯಾಣ ಎಂದರೆ ಏನು ಎಂದು ಲೆಕ್ಕ ಹಾಕಿ. ನಾನು ಕಾರ್ಕಳದಿಂದ ನಿಟ್ಟೆ, ಬೆಳ್ಮಣ್ ದಾರಿಯಾಗಿ ಪಡುಬಿದ್ರಿಗೆ ಬಂದು, ಅಲ್ಲಿ ಬಸ್ಸು ಬದಲಿಸಿ ಕಾಪು ಸೇರಬೇಕು. ಅಮ್ಮನನ್ನು ಹೊರಡಿಸಿಕೊಂಡು ಉಡುಪಿಗೆ, ಅಲ್ಲಿಂದ ಮತ್ತೊಂದು ಸಿಟಿ ಬಸ್ಸು ಅಥವಾ ರಿಕ್ಷಾ. ನಮ್ಮ ಬಸ್ಸುಗಳ ಮೊದಲ ಮೆಟ್ಟಿಲು ಎಷ್ಟು ಎತ್ತರ ಎಂಬುದು ನಿಮ್ಮ ಕಾಲಿಗೆ ತಿಳಿಯುವುದಿಲ್ಲ, ಸವೆದ ಮೊಣಕಾಲಿಗೆ ತಿಳಿಯುತ್ತದೆ. ಕಂಡಕ್ಟರು ಪಾಪ, "ಬೇಗ ಅಮ್ಮಾ, ಬೇಗ" ಎನ್ನುತ್ತಾನೆ. ಅವನಿಗೆ ಹಿಂದಿನ ಬಸ್ಸಿನ ಭಯ. ಡಾಕ್ಟರು ಮಾತನಾಡಿಸುವುದು ಐದು ನಿಮಿಷ. ಅದಕ್ಕಾಗಿ ನನ್ನ ಒಂದು ದಿನದ ರಜೆ, ಅಮ್ಮನ ಎರಡು ದಿನದ ಆಯಾಸ.

ಇದು ಅಪಾಯಿಂಟ್‌ಮೆಂಟ್ ಸಿಕ್ಕಿದ ಮೇಲಿನ ಕಥೆ. ಅದು ಸಿಗುವ ಕಥೆ ಬೇರೆ.

ಮೊದಲು ಬೆಳಿಗ್ಗೆ ಏಳಕ್ಕೆ ಹೋಗಿ ಕೌಂಟರಿನ ಮುಂದೆ ನಿಂತರೆ ಟೋಕನ್ ಸಿಗುತ್ತಿತ್ತು. ನಿಲ್ಲುವುದು ಕಷ್ಟ, ಆದರೆ ನಿಂತವರಿಗೆ ಖಾತ್ರಿ. ಈಗ ಫೋನು ಮಾಡಬೇಕು ಅಥವಾ ಮೊಬೈಲಿನಲ್ಲೇ ಬುಕ್ ಮಾಡಬೇಕು. ಅಮ್ಮನ ಹೆಸರನ್ನು ಒಂದು ಆಸ್ಪತ್ರೆಯಲ್ಲಿ ನೋಂದಾಯಿಸುವಾಗ, ದುಬೈಯಿಂದ ರಜೆಯಲ್ಲಿ ಬಂದಿದ್ದ ನನ್ನ ತಮ್ಮ ತನ್ನ ನಂಬರನ್ನೇ ಕೊಟ್ಟುಬಿಟ್ಟಿದ್ದ. ಬೆಳಿಗ್ಗೆ ಎಂಟಕ್ಕೆ ಬುಕಿಂಗ್ ತೆರೆಯುತ್ತದೆ. ನಾನು ಕಾರ್ಕಳದಲ್ಲಿ ಕುಳಿತು ಒತ್ತಿದರೆ ಒಟಿಪಿ ಹೋಗಿ ದುಬೈಯಲ್ಲಿ ಬೀಳುತ್ತದೆ, ಅಲ್ಲಿ ಆಗ ಆರೂವರೆ. ತಮ್ಮ ರಾತ್ರಿ ಪಾಳಿ ಮುಗಿಸಿ ಮಲಗಿರುತ್ತಾನೆ. ಅವನನ್ನು ಎಬ್ಬಿಸಿ, ಅವನು ಕನ್ನಡಕ ಹುಡುಕಿ, ಸಂಖ್ಯೆ ಓದಿ ಹೇಳುವ ಹೊತ್ತಿಗೆ ಅದರ ಗಡುವು ಮುಗಿದಿರುತ್ತದೆ. ಎರಡನೆಯ ಸಲ ಸರಿಯಾಗುವಾಗ ಆ ಬುಧವಾರದ ಜಾಗಗಳು ತುಂಬಿವೆ ಎಂದು ಬರುತ್ತದೆ. ಮುಂದಿನ ಬುಧವಾರ ಕಾಲೇಜಿನಲ್ಲಿ ನನಗೆ ಪರೀಕ್ಷೆಯ ಕೆಲಸ. ಅದರಾಚೆಯ ಬುಧವಾರ ಡಾಕ್ಟರು ರಜೆ. ನೋಡಿ, ಮೂರು ವಾರ ಹೀಗೆ ಹೋಯಿತು. ನಮ್ಮ ಕರಾವಳಿಯಲ್ಲಿ ಮಕ್ಕಳು ಮುಂಬಯಿಗೋ ಗಲ್ಫಿಗೋ ಹೋಗದ ಮನೆ ಅಪರೂಪ, ಆದುದರಿಂದ ಈ ಕಥೆ ನಮ್ಮ ಮನೆಯದು ಮಾತ್ರ ಎಂದು ನನಗೆ ಅನಿಸುವುದಿಲ್ಲ. ಆಮೇಲೆ ಕೌಂಟರಿನಲ್ಲಿ ಕೇಳಿಕೊಂಡು ಆ ನಂಬರನ್ನು ಬದಲಿಸಿದೆವು. ಎರಡು ನಿಮಿಷದ ಕೆಲಸ. ಅದಕ್ಕೆ ಒಂದು ವರ್ಷ ತೆಗೆದುಕೊಂಡಿದ್ದೆವು.

ಈಗ ನಂಬರು ಇರುವುದು ನನ್ನ ಮಗಳದು. ಅವಳು ದ್ವಿತೀಯ ಪಿಯುಸಿ. ಎಂಟಕ್ಕೆ ಹತ್ತು ನಿಮಿಷ ಇರುವಾಗ ಜಡೆ ಹಾಕಿಕೊಳ್ಳುತ್ತಾ ಮೊಬೈಲು ತೆರೆದಿಟ್ಟುಕೊಳ್ಳುತ್ತಾಳೆ. ಹಿಂದಿನ ಕಾಲದಲ್ಲಿ ಊರಿನ ಹಿರಿಯರ ಕಾಗದ ಓದಿ ಹೇಳುವ ಕೆಲಸ ಶಾಲೆಗೆ ಹೋಗುವ ಮಕ್ಕಳದಾಗಿತ್ತು. ಇಂದು ಅದೇ ಕೆಲಸ ಬೇರೆ ರೂಪದಲ್ಲಿ ನಿಮ್ಮ ಕೈಗೆ ಬಂದಿದೆ. ಆದುದರಿಂದಲೇ ಈ ಮಾತನ್ನು ನಿಮ್ಮ ಮುಂದೆ ಆಡುತ್ತಿದ್ದೇನೆ.

ಕಳೆದ ವರ್ಷ ಆಟಿ ತಿಂಗಳಿನಲ್ಲಿ ಎರಡು ಘಟನೆಗಳು ನಡೆದವು. ಎರಡರಲ್ಲೂ ತಪ್ಪು ನಮ್ಮದೇ.

ಮೊದಲನೆಯದು. ಸಕ್ಕರೆಯ ಡಾಕ್ಟರ ಅಪಾಯಿಂಟ್‌ಮೆಂಟ್ ಹತ್ತು ಗಂಟೆಗೆ ಎಂದಿತ್ತು. ಬರಿ ಹೊಟ್ಟೆಯಲ್ಲಿ ರಕ್ತ ಕೊಡಬೇಕು ಎಂದು ಅಮ್ಮ ಏನೂ ತಿಂದಿರಲಿಲ್ಲ. ಆದರೆ ಸಕ್ಕರೆಯ ಮಾತ್ರೆಯನ್ನು ಅಭ್ಯಾಸದಂತೆ ನುಂಗಿದ್ದರು. 22 ವರ್ಷದ ಅಭ್ಯಾಸ. ಜೋರು ಮಳೆ, ಬಸ್ಸು ತಡ, ರಕ್ತ ಕೊಡುವಲ್ಲಿ ಸಾಲು. ಹನ್ನೊಂದು ಗಂಟೆಗೆ ಬೆಂಚಿನ ಮೇಲೆ ಕುಳಿತಲ್ಲೇ ಅಮ್ಮನ ಹಣೆ ಬೆವರಿತು, ಕೈ ನಡುಗಿತು, ಕರೆದರೆ ಉತ್ತರ ತಡವಾಗಿ ಬಂತು. ಪಕ್ಕದಲ್ಲಿ ಕುಳಿತಿದ್ದ ಹಿರಿಯಡಕದ ಹೆಂಗಸೊಬ್ಬರು ನನ್ನನ್ನು ನೋಡಿ, "ಸಕ್ಕರೆ ಇಳಿದಿದೆ ಮಾರಾಯ್ತಿ, ಏನಾದರೂ ಸಿಹಿ ಕೊಡಿ" ಎಂದು ತಮ್ಮ ಚೀಲದಿಂದ ಬೆಲ್ಲದ ತುಂಡು ತೆಗೆದು ಕೊಟ್ಟರು. ಹತ್ತು ಹದಿನೈದು ನಿಮಿಷದಲ್ಲಿ ಅಮ್ಮ ಸರಿಯಾದರು. ಸಕ್ಕರೆ ಏರಿದರೆ ನಿಧಾನವಾಗಿ ಕೆಡಿಸುತ್ತದೆ, ಇಳಿದರೆ ನಿಂತಲ್ಲೇ ಕೆಡವುತ್ತದೆ. ಇದು ನನಗೆ ಪುಸ್ತಕದಲ್ಲಿ ಗೊತ್ತಿತ್ತು, ಬೆಂಚಿನ ಮೇಲೆ ನೆನಪಾಗಲಿಲ್ಲ.

ಆಮೇಲೆ ಡಾಕ್ಟರನ್ನು ಕೇಳಿದೆ, ಪ್ರತಿ ಸಲವೂ ಹೀಗೆ ಉಪವಾಸ ಬರಬೇಕೆ ಎಂದು. ಅವರು ಹೇಳಿದ್ದು ವಿಜ್ಞಾನ ಓದುವ ನಿಮಗೆ ರುಚಿಸಬಹುದು. ರಕ್ತದಲ್ಲಿರುವ ಸಕ್ಕರೆ ಕೆಂಪು ಕಣದೊಳಗಿನ ಹಿಮೊಗ್ಲೋಬಿನ್ನಿಗೆ ಅಂಟಿಕೊಳ್ಳುತ್ತದೆ. ಕೆಂಪು ಕಣದ ಆಯುಸ್ಸು ಸುಮಾರು 120 ದಿನ. ಹಾಗಾಗಿ ಎಷ್ಟು ಹಿಮೊಗ್ಲೋಬಿನ್ನಿಗೆ ಸಕ್ಕರೆ ಅಂಟಿದೆ ಎಂದು ಅಳೆದರೆ ಕಳೆದ ಎರಡು ಮೂರು ತಿಂಗಳ ಸರಾಸರಿ ತಿಳಿಯುತ್ತದೆ. ಇದೇ ಎಚ್‌ಬಿಎ1ಸಿ ಪರೀಕ್ಷೆ. ಇದಕ್ಕೆ ಉಪವಾಸ ಬೇಕಿಲ್ಲ, ಎರಡು ದಿನ ಮೊದಲೇ ಊರಿನ ಲ್ಯಾಬಿನಲ್ಲಿ ರಕ್ತ ಕೊಟ್ಟು ವರದಿ ಹಿಡಿದು ಬರಬಹುದು. ರಕ್ತಹೀನತೆ ಇದ್ದವರಲ್ಲಿ ಈ ಲೆಕ್ಕ ತಪ್ಪುವುದುಂಟು, ಮೂತ್ರಪಿಂಡದ ಕಾಯಿಲೆಯವರಿಗೆ ರಕ್ತಹೀನತೆ ಬರುವುದೂ ಉಂಟು, ಆದುದರಿಂದ ಡಾಕ್ಟರೇ ತೀರ್ಮಾನಿಸಬೇಕು. ಆದರೆ ಕೇಳದೆ ಇದ್ದರೆ ಅವರಾದರೂ ಏಕೆ ಹೇಳುತ್ತಾರೆ? ಉಪವಾಸದ ಪರೀಕ್ಷೆಯೇ ಬೇಕೆಂದಾದರೆ ಆ ಬೆಳಿಗ್ಗೆ ಮಾತ್ರೆ ಯಾವಾಗ, ಇನ್ಸುಲಿನ್ ಯಾವಾಗ ಎಂದು ಹಿಂದಿನ ಭೇಟಿಯಲ್ಲೇ ಕೇಳಿ ಬರೆಸಿಕೊಳ್ಳಬೇಕು. ಆ ದಿನದ ಚೀಲದಲ್ಲಿ ತಿಂಡಿಯ ಡಬ್ಬ ಇರಲೇಬೇಕು.

ಎರಡನೆಯ ಘಟನೆ ಸದ್ದಿಲ್ಲದ್ದು, ಆದುದರಿಂದ ಹೆಚ್ಚು ಕೆಟ್ಟದ್ದು. ಮೂತ್ರಪಿಂಡದ ತಜ್ಞರ ಸರದಿ ಸಿಗದೆ ಮೂರು ವಾರ ಮುಂದೆ ಹೋಯಿತು ಎಂದೆನಲ್ಲ, ಆ ನಡುವೆ ಅಮ್ಮನಿಗೆ ಮೊಣಕಾಲು ನೋವು ಜೋರಾಯಿತು. ಮೂಳೆಯ ಡಾಕ್ಟರ ಅಪಾಯಿಂಟ್‌ಮೆಂಟ್ ಬೇಗ ಸಿಕ್ಕಿತು. ಅವರು ನೋವಿನ ಮಾತ್ರೆ ಬರೆದರು. ಮೂತ್ರಪಿಂಡದ ಫೈಲು ಕಾಪುವಿನ ಕಪಾಟಿನಲ್ಲಿತ್ತು, ನಾವು ತೋರಿಸಲಿಲ್ಲ. "ಬೇರೆ ಏನಾದರೂ ಕಾಯಿಲೆ ಉಂಟಾ?" ಎಂದು ಅವರು ಕೇಳಿದಾಗ ಅಮ್ಮ, "ಸ್ವಲ್ಪ ಶುಗರ್ ಉಂಟು" ಎಂದಷ್ಟೇ ಹೇಳಿದರು. ನಮ್ಮ ಹಿರಿಯರಿಗೆ ಎಲ್ಲವೂ ಸ್ವಲ್ಪವೇ. ಡಾಕ್ಟರಿಗೆ ತೊಂದರೆ ಕೊಡಬಾರದು ಎಂಬ ಮರ್ಯಾದೆ ಅವರದು. ನಾನು ಹೊರಗೆ ದುಡ್ಡು ಕಟ್ಟುತ್ತಿದ್ದೆ.

ಮೂತ್ರಪಿಂಡ ರಕ್ತವನ್ನು ಸೋಸಬೇಕಾದರೆ ಅದರೊಳಗಿನ ಕಿರು ರಕ್ತನಾಳಗಳು ಸಾಕಷ್ಟು ತೆರೆದಿರಬೇಕು. ಡೈಕ್ಲೊಫೆನಾಕ್, ಐಬುಪ್ರೊಫೆನ್ ಜಾತಿಯ ನೋವಿನ ಮಾತ್ರೆಗಳು ನೋವು ಹುಟ್ಟಿಸುವ ರಾಸಾಯನಿಕವನ್ನು ತಡೆಯುತ್ತವೆ. ಅದೇ ಗುಂಪಿನ ರಾಸಾಯನಿಕಗಳು ಈ ನಾಳಗಳನ್ನು ತೆರೆದಿಡುವ ಕೆಲಸವನ್ನೂ ಮಾಡುತ್ತವೆ. ಗಟ್ಟಿ ಮೂತ್ರಪಿಂಡ ನಾಲ್ಕು ದಿನ ಸಹಿಸಿಕೊಳ್ಳಬಹುದು, ಮೊದಲೇ ದಣಿದದ್ದು ಸಹಿಸುವುದಿಲ್ಲ. ಅಮ್ಮ ಆ ಮಾತ್ರೆಯನ್ನು ಇಪ್ಪತ್ತು ದಿನ ನುಂಗಿದರು. ಕೊನೆಗೂ ಬುಧವಾರದ ಸರದಿ ಬಂದಾಗ ಕ್ರಿಯಾಟಿನಿನ್ 1.6 ಇದ್ದದ್ದು 2.4 ಆಗಿತ್ತು. ಮಾತ್ರೆ ನಿಲ್ಲಿಸಿದ ಮೇಲೆ ಇಳಿಯಿತು, ಆದರೆ 1.9ರಲ್ಲಿ ನಿಂತಿತು. ಆ ವ್ಯತ್ಯಾಸ ಅಮ್ಮನದೇ ಆಗಿ ಉಳಿಯಿತು. ಮೂಳೆಯ ಡಾಕ್ಟರು ಮೊಣಕಾಲಿಗೆ ಸರಿಯಾದ ಔಷಧವನ್ನೇ ಕೊಟ್ಟಿದ್ದರು. ಮೊಣಕಾಲು ಯಾರದು ಎಂಬುದನ್ನು ನಾವು ಅವರಿಗೆ ಹೇಳಿರಲಿಲ್ಲ.

ಅಂದಿನಿಂದ ನನಗೆ ಒಂದು ವಿಷಯ ಖಚಿತವಾಯಿತು. ನಾವು ನಾಲ್ಕು ತಜ್ಞರ ಅಪಾಯಿಂಟ್‌ಮೆಂಟ್ ಹಿಡಿಯಲು ಓಡುತ್ತಿದ್ದೆವು, ಐದನೆಯ ಒಬ್ಬರನ್ನು ಮರೆತಿದ್ದೆವು. ಇಡೀ ಅಮ್ಮನನ್ನು ನೋಡುವ ಒಬ್ಬ ಸಾಮಾನ್ಯ ವೈದ್ಯರು, ನಾವು ಫ್ಯಾಮಿಲಿ ಡಾಕ್ಟರು ಎನ್ನುತ್ತಿದ್ದವರು.

ಬ್ರಿಟನ್ನಿನಲ್ಲಿ 1948ರ ಜುಲೈ 5ರಂದು ಸರಕಾರಿ ಆರೋಗ್ಯ ಸೇವೆ ಆರಂಭವಾದಾಗಿನಿಂದಲೂ ಕ್ರಮ ಹೀಗಿದೆ: ಪ್ರತಿಯೊಬ್ಬರ ಹೆಸರೂ ತಮ್ಮ ಬಡಾವಣೆಯ ಸಾಮಾನ್ಯ ವೈದ್ಯರಲ್ಲಿ ದಾಖಲಾಗಿರುತ್ತದೆ, ತುರ್ತು ಹೊತ್ತನ್ನು ಬಿಟ್ಟರೆ ತಜ್ಞರನ್ನು ಕಾಣಲು ಸಾಮಾನ್ಯವಾಗಿ ಅವರ ಪತ್ರ ಬೇಕು. ಅಲ್ಲಿ ಕಾಯುವುದಿಲ್ಲವೆಂದು ತಿಳಿಯಬೇಡಿ, ಪತ್ರ ಬರೆದ ದಿನದಿಂದ 18 ವಾರದೊಳಗೆ ಚಿಕಿತ್ಸೆ ಆರಂಭವಾಗಬೇಕೆಂಬ ಅವರದೇ ಗುರಿಯನ್ನು ಅವರು ಈಚಿನ ವರ್ಷಗಳಲ್ಲಿ ಮುಟ್ಟಲಾಗದೆ ಒದ್ದಾಡುತ್ತಿದ್ದಾರೆ. ನಮ್ಮಲ್ಲಿ ದುಡ್ಡಿದ್ದವರು ನೇರವಾಗಿ ಯಾವ ತಜ್ಞರ ಬಾಗಿಲನ್ನೂ ತಟ್ಟಬಹುದು. ಅದೊಂದು ಸ್ವಾತಂತ್ರ್ಯವೇ ಹೌದು. ಆದರೆ ಯಾವ ಬಾಗಿಲು ಮೊದಲು, ಯಾವುದು ಆಮೇಲೆ ಎಂದು ತೀರ್ಮಾನಿಸುವ ಹೊಣೆ ಏನೂ ತಿಳಿಯದ ನಮ್ಮ ತಲೆಯ ಮೇಲೆ ಬೀಳುತ್ತದೆ. ತಲೆ ತಿರುಗಿದರೆ ನರದ ಡಾಕ್ಟರೋ, ಕಿವಿಯ ಡಾಕ್ಟರೋ, ಹೃದಯದ ಡಾಕ್ಟರೋ? ನಾವು ಪಕ್ಕದ ಮನೆಯವರನ್ನು ಕೇಳಿ ತೀರ್ಮಾನಿಸುತ್ತೇವೆ!

ನಮ್ಮ ಜಿಲ್ಲೆಗೆ ಇದು ಹೊಸ ಮಾತೇನೂ ಅಲ್ಲ. ಮಣಿಪಾಲದ ಸಂಸ್ಥೆಗಳನ್ನು ಕಟ್ಟಿದ ಡಾ. ಟಿ. ಎಂ. ಎ. ಪೈಯವರು (1898–1979) ಮದರಾಸಿನಲ್ಲಿ ವೈದ್ಯಕೀಯ ಓದಿ ಬಂದು ಊರಿನಲ್ಲಿ ವೈದ್ಯವೃತ್ತಿ ಮಾಡಿದವರು. 1925ರಲ್ಲಿ ಅವರು ಇತರ ಇಬ್ಬರೊಡನೆ ಉಡುಪಿಯಲ್ಲಿ ಆರಂಭಿಸಿದ ಬ್ಯಾಂಕು ಮುಂದೆ ಸಿಂಡಿಕೇಟ್ ಬ್ಯಾಂಕ್ ಎಂದು ಹೆಸರಾಯಿತು, 2020ರಲ್ಲಿ ಕೆನರಾ ಬ್ಯಾಂಕಿನೊಡನೆ ವಿಲೀನವಾಯಿತು. ಆ ಬ್ಯಾಂಕಿನ ಪಿಗ್ಮಿ ಠೇವಣಿ 1928ರದ್ದು. ಬ್ಯಾಂಕಿನ ಕಡೆಯವರೇ ದಿನವೂ ಮನೆಬಾಗಿಲಿಗೆ, ಅಂಗಡಿಬಾಗಿಲಿಗೆ ಬಂದು ಎರಡಾಣೆ ನಾಲ್ಕಾಣೆ ಸಂಗ್ರಹಿಸುತ್ತಿದ್ದರು. ಬ್ಯಾಂಕಿಗೆ ಹೋಗಲು ಹಿಂಜರಿಯುವ ಬಡವನ ಬಳಿಗೆ ಬ್ಯಾಂಕೇ ಹೋಗಲಿ ಎಂಬ ಯೋಚನೆ ಅದು. ಅದೇ ಊರಿನಲ್ಲಿ, ಅದೇ ಯೋಚನೆಯನ್ನು ಮೊಣಕಾಲು ನೋವಿನ ಅಜ್ಜಿಯ ವಿಷಯದಲ್ಲಿ ಯಾರಾದರೂ ಮಾಡಬಾರದೆ ಎಂದು ನನಗೆ ಬಸ್ಸಿನಲ್ಲಿ ಕುಳಿತಾಗಲೆಲ್ಲ ಅನಿಸುತ್ತದೆ. ನಾಲ್ಕು ವಿಭಾಗಗಳಿರುವ ಆಸ್ಪತ್ರೆ 70 ದಾಟಿದವರಿಗೆ ಒಂದೇ ದಿನ ಎರಡು ಸರದಿ ಜೋಡಿಸಿಕೊಡುವುದು ಅಸಾಧ್ಯದ ಕೆಲಸವಲ್ಲ.

ಅಮ್ಮನಿಗೆ ಈಗ ಅಂಥ ಒಬ್ಬ ವೈದ್ಯರು ಸಿಕ್ಕಿದ್ದಾರೆ, ಮನೆಯಿಂದ ರಿಕ್ಷಾದಲ್ಲಿ ಹೋಗುವಷ್ಟು ಹತ್ತಿರ. ಅವರು ಮೊದಲು ಮಾಡಿದ ಕೆಲಸ, ಅಮ್ಮನ ಮಾತ್ರೆಯ ಡಬ್ಬವನ್ನು ಮೇಜಿನ ಮೇಲೆ ಸುರಿದದ್ದು. ಹನ್ನೊಂದು ಬಗೆಯ ಮಾತ್ರೆಗಳಿದ್ದವು. ಅವುಗಳಲ್ಲಿ ಎರಡು ಬೇರೆ ಬೇರೆ ಕಂಪನಿಯ ಹೆಸರಿನಲ್ಲಿದ್ದ ಒಂದೇ ರಕ್ತದೊತ್ತಡದ ಔಷಧ. ಹಾಳೆಯ ಮೇಲೆ ದೊಡ್ಡದಾಗಿ ಇರುವುದು ಕಂಪನಿ ಇಟ್ಟ ಹೆಸರು, ಸಣ್ಣ ಅಕ್ಷರದಲ್ಲಿ ಇರುವುದು ಔಷಧದ ನಿಜವಾದ ಹೆಸರು. ಆ ಸಣ್ಣ ಅಕ್ಷರ ಓದಲು ನಿಮ್ಮ ವಯಸ್ಸಿನ ಕಣ್ಣು ಬೇಕು. ಇವತ್ತು ಮನೆಗೆ ಹೋದ ಮೇಲೆ ಅಜ್ಜಿಯ ಡಬ್ಬವನ್ನು ಒಮ್ಮೆ ಓದಿ ನೋಡಿ. ಒಂದೇ ಹೆಸರು ಎರಡು ಕಡೆ ಕಂಡರೆ ನೀವೇ ನಿಲ್ಲಿಸಲು ಹೋಗಬೇಡಿ, ಡಾಕ್ಟರಿಗೆ ತೋರಿಸಿ.

ಆ ವೈದ್ಯರು ಬರೆದುಕೊಟ್ಟ ಒಂದು ಪುಟದ ಪತ್ರ ಈಗ ಎಲ್ಲ ಫೈಲುಗಳ ಮೇಲಿದೆ. ಕಾಯಿಲೆಗಳು, ಔಷಧಗಳು, ಕೊನೆಯ ಕ್ರಿಯಾಟಿನಿನ್, ಕೆಳಗೆ ಕೆಂಪು ಶಾಯಿಯಲ್ಲಿ ಕೊಡಬಾರದ ಮಾತ್ರೆಗಳು. ತಜ್ಞರ ಬಳಿ ಹೋಗಬೇಕೆ, ಎಷ್ಟು ಬೇಗ ಹೋಗಬೇಕು ಎಂದು ಹೇಳುವವರೂ ಅವರೇ. ಕಳೆದ ಆರು ತಿಂಗಳಲ್ಲಿ ಎರಡು ಪ್ರಯಾಣಗಳನ್ನು ಅವರು ಬೇಡವೆಂದರು, ಒಂದನ್ನು ನಾಳೆಯೇ ಎಂದರು. ಆ "ನಾಳೆಯೇ" ಎಂಬ ಪತ್ರ ತೋರಿಸಿದಾಗ, ಜಾಗ ಇಲ್ಲ ಎನ್ನುತ್ತಿದ್ದ ಕೌಂಟರಿನಲ್ಲಿ ಜಾಗ ಸಿಕ್ಕಿತು. ಕೌಂಟರಿನ ಹುಡುಗಿಯೂ ಕೆಟ್ಟವಳಲ್ಲ. ಎಲ್ಲರೂ ತುರ್ತು ಎನ್ನುವಾಗ ಯಾರದು ನಿಜವಾದ ತುರ್ತು ಎಂದು ತಿಳಿಯಲು ಅವಳಿಗೆ ಬೇರೆ ದಾರಿ ಇಲ್ಲ.

ಫೋನಿನಲ್ಲೇ ಮುಗಿಯುವ ಭೇಟಿಗಳೂ ಇವೆ. 2020ರ ಮಾರ್ಚ್ 25ರಂದು ಕೇಂದ್ರ ಸರಕಾರ ದೂರವೈದ್ಯಕೀಯದ ಮಾರ್ಗಸೂಚಿಯನ್ನು ಪ್ರಕಟಿಸಿತು. ಅದರ ಪ್ರಕಾರ ಡಾಕ್ಟರನ್ನು ಎದುರಿನಲ್ಲಿ ಕಂಡು ಆರು ತಿಂಗಳೊಳಗೆ ಅದೇ ಕಾಯಿಲೆಯ ಬಗ್ಗೆ ಫೋನಿನಲ್ಲೋ ವಿಡಿಯೊದಲ್ಲೋ ಮಾತನಾಡಿದರೆ ಅದು ಮುಂದುವರಿದ ಭೇಟಿ ಎಂದೇ ಲೆಕ್ಕ. ಮನೆಯವರು ಹಿರಿಯರ ಪರವಾಗಿ ಮಾತನಾಡುವುದಕ್ಕೂ ಅದರಲ್ಲಿ ಅವಕಾಶವಿದೆ, ಆದರೆ ಹಿರಿಯರು ಒಪ್ಪಿದ್ದಾರೆ ಎಂಬುದು ಡಾಕ್ಟರಿಗೆ ತಿಳಿದಿರಬೇಕು. ಮುಂದಿನ ಸಲ ಎದುರಿಗೆ ಹೋದಾಗ ನಿಮ್ಮ ಅಜ್ಜಿಯ ಬಾಯಿಂದಲೇ, "ಇವಳು ನನ್ನ ಮೊಮ್ಮಗಳು, ನನ್ನ ಬದಲು ಮಾತನಾಡುತ್ತಾಳೆ" ಎಂದು ಹೇಳಿಸಿ. ಸರಕಾರದ ಇ-ಸಂಜೀವಿನಿ ಸೇವೆಯಲ್ಲಿ ಹಳ್ಳಿಯ ಆರೋಗ್ಯ ಕೇಂದ್ರದಲ್ಲೇ ಕುಳಿತು ದೂರದ ಡಾಕ್ಟರೊಡನೆ ಮಾತನಾಡಬಹುದು. ಹೊಟ್ಟೆ ಒತ್ತಿ ನೋಡುವುದು, ಪಾದದ ಹುಣ್ಣು ನೋಡುವುದು ಮಾತ್ರ ಫೋನಿನಿಂದ ಆಗದು.

ಇನ್ನೊಂದು, ಕಾನೂನಿನ ಮಾತು. ಹೆತ್ತವರ ಮತ್ತು ಹಿರಿಯ ನಾಗರಿಕರ ಪೋಷಣೆ ಹಾಗೂ ಕಲ್ಯಾಣಕ್ಕಾಗಿ 2007ರಲ್ಲಿ ಒಂದು ಕಾಯಿದೆ ಬಂತು. ಮಕ್ಕಳು ಹೆತ್ತವರನ್ನು ಸಾಕದಿದ್ದರೆ ಏನು ಎಂಬ ಭಾಗವೇ ಪತ್ರಿಕೆಗಳಲ್ಲಿ ಬರುತ್ತದೆ. ಅದರ 20ನೆಯ ಕಲಮನ್ನು ಓದಿದವರು ಕಡಿಮೆ. ಸರಕಾರಿ ಆಸ್ಪತ್ರೆಗಳಲ್ಲಿ ಹಿರಿಯರಿಗೆ ಬೇರೆ ಸಾಲು ಇರಬೇಕು, ದೀರ್ಘಕಾಲದ ಕಾಯಿಲೆಗಳ ಚಿಕಿತ್ಸೆಯ ಸೌಲಭ್ಯ ವಿಸ್ತರಿಸಬೇಕು, ಪ್ರತಿ ಜಿಲ್ಲಾಸ್ಪತ್ರೆಯಲ್ಲಿ ವೃದ್ಧರಿಗಾಗಿಯೇ ಮೀಸಲಾದ ವ್ಯವಸ್ಥೆ ಇರಬೇಕು, ವೃದ್ಧರ ಚಿಕಿತ್ಸೆಯಲ್ಲಿ ಅನುಭವವಿರುವ ವೈದ್ಯಾಧಿಕಾರಿ ಅದರ ಮುಖ್ಯಸ್ಥರಾಗಿರಬೇಕು ಎಂದು ಅದು ರಾಜ್ಯ ಸರಕಾರಕ್ಕೆ ಹೇಳುತ್ತದೆ. ಇಲ್ಲಿ ಹಿರಿಯರು ಎಂದರೆ 60 ತುಂಬಿದವರು. ಸರಕಾರಿ ಆಸ್ಪತ್ರೆಯಲ್ಲಿ ಸಾಲು ಉದ್ದವಿದ್ದರೆ, ಹಿರಿಯರ ಸಾಲು ಯಾವುದು ಎಂದು ವಿನಯದಿಂದ ಕೇಳಿ. ಕೇಳುವುದು ಜಗಳವಲ್ಲ.

ನನ್ನ ಮಗಳು ಒಂದು ನೂರು ಪುಟದ ಪುಸ್ತಕ ಇಟ್ಟಿದ್ದಾಳೆ. ಎಡಪುಟದಲ್ಲಿ ಡಾಕ್ಟರು ಹೇಳಿದ್ದು, ಬಲಪುಟದಲ್ಲಿ ಅಜ್ಜಿ ಹೇಳಿದ್ದು. ಬಲಪುಟ ಅವಳದೇ ಉಪಾಯ. ಭಾನುವಾರ ಫೋನಿನಲ್ಲಿ ಅಜ್ಜಿಯನ್ನು ಮಾತನಾಡಿಸುವಾಗ ಬರೆದುಕೊಳ್ಳುತ್ತಾಳೆ: ರಾತ್ರಿ ಮೂರು ಸಲ ಎದ್ದದ್ದು, ಪಾದ ಊದಿದ್ದು, ಕಾಫಿ ರುಚಿಸದೆ ಹೋದದ್ದು. ಡಾಕ್ಟರ ಮುಂದೆ ಅಮ್ಮ ಎಂದಿನಂತೆ "ಏನಿಲ್ಲ, ಸೌಖ್ಯ" ಎಂದರೆ ಅವಳು ಬಲಪುಟ ತೆರೆದು ಓದುತ್ತಾಳೆ. ಅಮ್ಮನಿಗೆ ಮೊದಮೊದಲು ಸಿಟ್ಟು ಬರುತ್ತಿತ್ತು. "ನಾನು ನಿನ್ನತ್ರ ಹೇಳಿದ್ದನ್ನೆಲ್ಲ ಊರಿಗೆ ಸಾರುತ್ತೀಯಾ?" ಎಂದು ಬಸ್ಸಿನಲ್ಲೇ ಜಗಳ. ಈಗ ಅವರೇ ಫೋನು ಮಾಡಿ, "ಬರೆದುಕೋ ಮಗಾ, ಇವತ್ತು ಕಾಲು ಉರಿ" ಎನ್ನುತ್ತಾರೆ.

ಮೂತ್ರಪಿಂಡದ ತಜ್ಞರ ಮುಂದಿನ ಸರದಿ ಬರುವ ತಿಂಗಳ ಎರಡನೆಯ ಬುಧವಾರ ಸಿಕ್ಕಿದೆ. ಆ ದಿನ ಮಗಳಿಗೆ ಭೌತಶಾಸ್ತ್ರದ ಪ್ರಾಯೋಗಿಕ ಪರೀಕ್ಷೆ, ನನಗೂ ರಜೆ ಸಿಗುವ ಹಾಗಿಲ್ಲ. ಪಕ್ಕದ ಮನೆಯ ಹುಡುಗನನ್ನು ಕೇಳಿದ್ದೇವೆ. ಅವನು ಉಡುಪಿಯಲ್ಲಿ ಬಿ.ಕಾಂ. ಓದುತ್ತಿದ್ದಾನೆ. ಬುಧವಾರ ಮಧ್ಯಾಹ್ನದ ತನಕ ಬಿಡುವಿದೆಯೇ ಎಂದು ನೋಡಿ ಹೇಳುತ್ತೇನೆ ಎಂದಿದ್ದಾನೆ.